ಉಪ್ಪಿನ ಡಬ್ಬಿಗಿ ಆರು ಚುಕ್ಕಿ

ನಮ್ಮ ಅಡಗಿ ಮನ್ಯಾಗ ಸಾಲಿಗಿ ಹದಿನಾಲ್ಕ ಸ್ಟೀಲ್ ಡಬ್ಬಿ ಅವ. ಎಲ್ಲಾ ಒಂದೇ ಅಳತಿ, ಒಂದೇ ಆಕಾರ. ಸುಪರ್ ಮಾರ್ಕೆಟ್‌ನಾಗ ಪೂರಾ ಸೆಟ್ಟೇ ತೊಗೊಂಡಿದ್ದೆ, ಸಾಲಿಗಿ ಇಟ್ರ ಚಂದ ಕಾಣ್ತಾವ ಅಂತ. ಎರಡ ವರ್ಷದ ಹಿಂದ ನಮ್ಮ ಅಕ್ಕ ಕಮಲಾಪುರದಿಂದ ಕಲಬುರಗಿಗಿ ನಮ್ಮ ಮನಿಗಿ ಇರ್ಲಕ್ಕ ಬಂದ ಮ್ಯಾಲೇ ನನಗ ಗೊತ್ತಾಯ್ತು, ಆ ಚಂದ ಏನಿದ್ರೂ ಕಣ್ಣ ಇದ್ದವರಿಗಿ ಅಂತ. ಅಕ್ಕಗ ಎರಡೂ ಕಣ್ಣ ಕಾಣಂಗಿಲ್ಲ.

ಬಂದ ಹದಿನೈದ ದಿನದಾಗೇ ಒಂದ ಘಟನಾ ಆಯ್ತು. ನಾ ಗುಡಿಗಿ ಹೋಗಿದ್ದೆ. ಬರೋದ್ರಾಗ ಬ್ಯಾಳಿ ಮಾಡಿ ಇಡೋಣ ಅಂತ ಅಕ್ಕ ಒಲಿ ಹಚ್ಯಾಳ. ತೊಗರಿ ಬ್ಯಾಳಿ ಛೋಲೋ ಬೆಂದಿತ್ತು, ಒಗ್ಗರಣಿನೂ ಘಮ್ ಅಂತಿತ್ತು. ಆದ್ರ ಉಪ್ಪು ಅಂತ ತಿಳದು ಹಾಕಿದ್ದು ಅರಬಿ ಒಗಿಯೋ ಸೋಡಾ! ಅದೂ ಅಂಥದ್ದೇ ಡಬ್ಬಿನ್ಯಾಗ ನಾನೇ ತುಂಬಿ ಇಟ್ಟಿದ್ದೆ. ಮೊದಲ ತುತ್ತಿಗೇ ಗೊತ್ತಾಯ್ತು, ಯಾರಿಗೂ ಏನೂ ಆಗಲಿಲ್ಲ. ನನ್ನ ಮಗ ನಕ್ಕ. ಬೈಲಿಲ್ಲ, ಬರೇ ನಕ್ಕ. ಅಕ್ಕ ಏನೂ ಅನ್ನಲಿಲ್ಲ. ಆದ್ರ ಮರದಿನದಿಂದ ಅಡಗಿ ಮನಿ ಹೊಸ್ತಲ ದಾಟಲಿಲ್ಲ. ಐವತ್ತ ವರ್ಷ ಒಂದ ಮನಿ ಒಲಿ ಉರಿಸಿದಾಕಿ, ನಮ್ಮ ಮನ್ಯಾಗ ಬಾಗಿಲ ಬಲ್ಲಿ ಕುರ್ಚಿ ಹಾಕ್ಕೊಂಡು ಸುಮ್ಮನ ಕೂಡ್ಲಕತ್ಳು.

ಇದು ನನಗ ಭಾಳ ಚುಚ್ತು. ಅದಕ್ಕ ಇವತ್ತ ಡಬ್ಬಿ ಮ್ಯಾಲ ಹಚ್ಚೋ ಚುಕ್ಕಿ ಅಕ್ಷರದ ಇತಿಹಾಸ ಬರೀಲಕತ್ತೀನಿ. ನಾ ಪಿಯುಸಿ ತನಕ ಓದಿದಾಕಿ, ದೊಡ್ಡ ಇತಿಹಾಸ ಬರಿಯೋ ಶಾಣ್ಯಾಕಿ ಅಲ್ಲ. ಆದ್ರ ಈ ಇತಿಹಾಸ ನಮ್ಮ ಮನಿ ಹೊಸ್ತಲದ ತನಕ ಬಂದು, ಒಳಗ ಬರಲಾರದೇ ಅರವತ್ತ ವರ್ಷ ನಿಂತಿತ್ತು ಅನ್ನೋದು ನನಗ ಈಗ ತಿಳದದ.

ಮೊದಲ ಅಕ್ಕನ ಮಾತ ಹೇಳ್ತೀನಿ. ಆಕಿ ನನಗಿಂತ ಐದ ವರ್ಷ ದೊಡ್ಡಾಕಿ, 1962ರಾಗ ಹುಟ್ಟಿದಾಕಿ. ನಾಕ ವರ್ಷ ಇದ್ದಾಗ ಮೈಮ್ಯಾಲ ದೇವಿ ಬಂದಿದ್ಲಂತ, ಅಂದ್ರ ಸಿಡುಬು. ಜೀವ ಉಳೀತು, ಕಣ್ಣ ಹೋದವು. ಈಗಿನ ಮಕ್ಕಳಿಗಿ ಸಿಡುಬು ಅಂದ್ರೇನಂತ ಗೊತ್ತಿಲ್ಲ. ನಮ್ಮ ದೇಶದಾಗ ಅದು 1975ರಾಗ ನಿಂತೇ ಹೋಯ್ತು. ಹತ್ತ ವರ್ಷ ಮೊದಲ ನಿಂತಿದ್ರ ಅಂತ ಅವ್ವ ಸಾಯೋ ತನಕ ಅನಕೋತ ಇದ್ಲು.

ಕಮಲಾಪುರದ ಮನ್ಯಾಗ ಅಕ್ಕಗ ಯಾವ ಚೀಟಿನೂ ಬೇಕಾಗಿದ್ದಿಲ್ಲ. ಅಲ್ಲಿ ಒಂದೊಂದ ಸಾಮಾನಿಗೂ ಅದರದೇ ಆದ ಮಾರಿ ಇತ್ತು. ಉಪ್ಪು ಚೀನಿ ಮಣ್ಣಿನ ಭರಣ್ಯಾಗ, ಖಾರ ಕಟಗಿ ಡಬ್ಬ್ಯಾಗ, ಸಕ್ಕರಿ ಹಿತ್ತಾಳಿ ಡಬ್ಬ್ಯಾಗ, ಜೋಳದ ಹಿಟ್ಟು ಮೂಲಿನ ಡ್ರಮ್ಮಿನಾಗ. ಅವ್ವ ಒಂದ ಸಾಮಾನೂ ಜಾಗಾ ಬದಲ ಮಾಡ್ತಿದ್ದಿಲ್ಲ. ನಾವು ಹುಡುಗರು ಆಟ ಆಡಿ ಚಂಬು ಅತ್ಲಾಗ ಇತ್ಲಾಗ ಇಟ್ರ ಬೆನ್ನಿಗಿ ಗುದ್ದ ಬೀಳ್ತಿತ್ತು. ಹಿತ್ತಲದಾಗ ನಮ್ಮೂರ ಹೆಸರಾದ ಕೆಂಪು ಬಾಳಿ ಇತ್ತು. ಗೊನಿ ಮುಟ್ಟಿ, ಮೂಸಿ, ಇದು ನಾಳಿಗಿ, ಇದು ನಾಡದು ಅಂತ ಅಕ್ಕ ಹೇಳಿದ್ರ ತಪ್ಪತಿದ್ದಿಲ್ಲ. ಅಳಗುಳಿ ಮಣಿ ಆಟದಾಗ ಬರೇ ಬಟ್ಟಿಲೇ ಕಾಳ ಎಣಿಸಿ ನಮ್ಮನ್ನೆಲ್ಲ ಸೋಲಿಸ್ತಿದ್ಲು. ಅಂದ್ರ ಆ ಮನಿನೇ ಆಕಿಗಿ ಓದೋ ಪುಸ್ತಕ ಆಗಿತ್ತು. ಅವ್ವ ಹೋದ ಮ್ಯಾಲ ಆ ಮನಿ ಬೀಗ ಬಿತ್ತು.

ಈಗ ಬ್ಯಾರೆ ಒಂದ ಊರಿಗಿ ಹೋಗೋಣ ಬರ್ರಿ. ಫ್ರಾನ್ಸ್ ದೇಶದಾಗ ಪ್ಯಾರಿಸ್ ಹತ್ರ ಕೂವ್ರೆ ಅಂತ ಒಂದ ಹಳ್ಳಿ. ಅಲ್ಲಿ ಕುದುರಿ ಜೀನು, ಲಗಾಮು ಮಾಡೋರ ಮನ್ಯಾಗ 1809ರ ಜನವರಿ 4ಕ್ಕ ಲೂಯಿ ಬ್ರೈಲ್ ಹುಟ್ಟಿದ. ಮೂರ ವರ್ಷದ ಕೂಸು ಇದ್ದಾಗ ಅಪ್ಪನ ಕೆಲಸದ ಜಾಗಾದಾಗ ಚರ್ಮಕ್ಕ ತೂತ ಹಾಕೋ ಆರಿ ಹಿಡದು ಆಡ್ಲಕತ್ತಿತ್ತು, ಅದು ಕಣ್ಣಿಗಿ ಚುಚ್ಚಿತು. ಒಂದ ಕಣ್ಣಿನ ಕೀವು ಇನ್ನೊಂದಕ್ಕೂ ಹತ್ತಿ, ಐದ ವರ್ಷ ಆಗೋದ್ರಾಗ ಎರಡೂ ಹೋದವು. ಅಲ್ಲಿ ತನಕ ನಮ್ಮಕ್ಕಂದೂ ಅವಂದೂ ಕತಿ ಒಂದೇ. ಫರಕ ಆದದ್ದು ಮುಂದ. ಅವರಪ್ಪ ಕಟಗಿ ಮ್ಯಾಲ ಮೊಳಿ ಬಡದು ಅಕ್ಷರದ ಆಕಾರ ಕಲಿಸಿದ ಅಂತ ಹೇಳ್ತಾರ. ಹತ್ತ ವರ್ಷ ಆದಾಗ, 1819ರಾಗ, ಮಗನ್ನ ಪ್ಯಾರಿಸ್‌ನ ಅಂಧ ಮಕ್ಕಳ ಶಾಲಿಗಿ ಕಳಿಸಿದ.

ಆ ಶಾಲಿ ತೆರದವ ವಾಲಾಂಟೀನ್ ಆಯುಯಿ ಅನ್ನೋನು. ಅವ ಕಾಗದ ಒದ್ದಿ ಮಾಡಿ, ದೊಡ್ಡ ದೊಡ್ಡ ಅಚ್ಚಿನ ಅಕ್ಷರದ ಮ್ಯಾಲ ಒತ್ತಿ, ಉಬ್ಬಿದ ಅಕ್ಷರದ ಪುಸ್ತಕ ಮಾಡಿದ್ದ. ಛೋಲೋ ವಿಚಾರನೇ. ಆದ್ರ ಪುಸ್ತಕ ಒಂದೊಂದು ಕಲ್ಲಿನಂಗ ಭಾರ. ಒಂದ ಅಕ್ಷರಕ್ಕ ಬಟ್ಟು ಸುತ್ತೆಲ್ಲ ತಿರಗಬೇಕು. ಎಲ್ಲಕ್ಕಿಂತ ದೊಡ್ಡ ಕೊರತಿ ಏನಂದ್ರ, ಓದಲಕ್ಕ ಬರ್ತಿತ್ತು, ಬರೀಲಕ್ಕ ಬರ್ತಿದ್ದಿಲ್ಲ. ಕಣ್ಣ ಇದ್ದವರಿಗಿ ಅನುಕೂಲ ಆಗೋ ಅಕ್ಷರಾನೇ ಉಬ್ಬಿಸಿ ಕೊಟ್ಟಿದ್ರು.

1821ರಾಗ ಚಾರ್ಲ್ಸ್ ಬಾರ್ಬಿಯೆ ಅನ್ನೋ, ಮೊದಲ ಸೈನ್ಯದಾಗಿದ್ದ ಮನುಷ್ಯ, ಹನ್ನೆರಡ ಚುಕ್ಕಿದು ಒಂದ ಬರವಣಗಿ ಆ ಶಾಲಿಗಿ ತಂದ. ಚುಕ್ಕಿ ಬಟ್ಟಿಗಿ ಲಗೂ ತಿಳೀತಾವ ಅಂತ ಹುಡುಗರಿಗಿ ಗೊತ್ತಾಯ್ತು. ಆದ್ರ ಹನ್ನೆರಡ ಚುಕ್ಕಿ ಒಂದೇ ಬಟ್ಟಿನ ಕೆಳಗ ಬರಂಗಿಲ್ಲ, ಬಟ್ಟು ಮ್ಯಾಲ ಕೆಳಗ ಸರಿಸಬೇಕಾಗ್ತದ. ಲೂಯಿ ಅದನ್ನ ಆರಕ್ಕ ಇಳಿಸಿದ. ಎಡಕ್ಕ ಮೂರು, ಬಲಕ್ಕ ಮೂರು. ಆರೇ ಚುಕ್ಕಿನ್ಯಾಗ 63 ಆಕಾರ ಆಗ್ತಾವ. ಇದನ್ನ ಮಾಡಿ ಮುಗಿಸಿದಾಗ, 1824ರಾಗ, ಅವನ ವಯಸ್ಸು ಹದಿನೈದು. ಚುಕ್ಕಿ ಮೂಡಿಸಲಕ್ಕ ಬಳಸೋ ಕಡ್ಡಿ ನೋಡಿದ್ರ ಅವರಪ್ಪನ ಆರಿದೇ ತಮ್ಮ ಅನ್ನಬೇಕು, ಹಂಗದ.

1829ರಾಗ ಪುಸ್ತಕ ಆಗಿ ಬಂತು. ಆದ್ರ ಕಣ್ಣಿದ್ದ ಮಾಸ್ತರಗಳಿಗಿ ಅದು ಮನಸಿಗಿ ಬರಲಿಲ್ಲ. ತಮಗ ಓದಲಕ್ಕ ಬರಲಾರದ ಅಕ್ಷರ ಮಕ್ಕಳ ಕೈಯಾಗ ಹ್ಯಾಂಗ ಕೊಡೋದು ಅಂತ. ಹುಡುಗರು ತಮ್ಮ ತಮ್ಮೊಳಗೇ ಕಲತು ಬಳಸ್ತಿದ್ರು. ಲೂಯಿ 1852ರಾಗ 43ನೇ ವಯಸ್ಸಿಗಿ ತೀರಿಕೊಂಡ. ಆ ಶಾಲಿ ಅವನ ಲಿಪಿ ಅಧಿಕೃತ ಅಂತ ಒಪ್ಪಿದ್ದು 1854ರಾಗ. ಎರಡ ವರ್ಷ ತಡಾ ಆಯ್ತು.

ನಮ್ಮ ದೇಶದಾಗ ಅಂಧರ ಮೊದಲ ಶಾಲಿ 1887ರಾಗ ಅಮೃತಸರದಾಗ ಆ್ಯನಿ ಶಾರ್ಪ್ ಅನ್ನೋ ಹೆಣ್ಮಗಳು ತೆರದ್ಳು. ಮೈಸೂರಾಗ 1901ರಾಗೇ ಕಣ್ಣು-ಕಿವಿ ಇಲ್ಲದ ಮಕ್ಕಳ ಶಾಲಿ ಶುರು ಆಯ್ತು. ಆಗ ನಮ್ಮ ಕಲಬುರಗಿ ನಿಜಾಮರ ಹೈದರಾಬಾದ್ ರಾಜ್ಯದಾಗಿತ್ತು, 1948ರ ತನಕ. ಮೈಸೂರು ನಮಗ ಪರದೇಶ ಇದ್ದಂಗ. ಆ ಕಾಲಕ್ಕ ಇನ್ನೊಂದ ತ್ರಾಸ ಏನಂದ್ರ, ಒಂದೊಂದ ಕಡಿ ಒಂದೊಂದ ನಮೂನಿ ಬ್ರೈಲ್. ಈ ಊರಾಗ ಕಲತವರಿಗಿ ಆ ಊರಿನ ಪುಸ್ತಕ ಓದಲಕ್ಕ ಬರ್ತಿದ್ದಿಲ್ಲ. ಸ್ವಾತಂತ್ರ್ಯ ಬಂದ ಮ್ಯಾಲ, 1949ರಾಗ, ಭಾರತ ಸರಕಾರ ಯುನೆಸ್ಕೊಗ ಪತ್ರ ಬರೀತು. 1950ರಾಗ ಪ್ಯಾರಿಸ್‌ನಾಗ ಬ್ಯಾರೆ ಬ್ಯಾರೆ ದೇಶದವರು ಕುಂತು ಮಾತಾಡಿದ್ರು. ಈ ಕೆಲಸ ನಡಿಸಿದ ಸರ್ ಕ್ಲೂಥಾ ಮೆಕೆಂಜಿ ಅನ್ನೋರಿಗೂ ಕಣ್ಣಿದ್ದಿಲ್ಲ, ಮೊದಲನೇ ಮಹಾಯುದ್ಧದಾಗ ಹೋಗಿದ್ದವು. 1951ರಾಗ ಭಾರತದ ಎಲ್ಲಾ ಭಾಷಾಕ್ಕೂ ಒಂದೇ ಪಾಯಾದ ಮ್ಯಾಲ ನಿಂತ ಭಾರತಿ ಬ್ರೈಲ್ ಬಂತು. ಅದೇ ವರ್ಷ ದೆಹರಾದೂನ್‌ನಾಗ ಬ್ರೈಲ್ ಮುದ್ರಣಾಲಯನೂ ಶುರು ಆಯ್ತು.

1951. ಅಕ್ಕ ಹುಟ್ಟಿದ್ದು 1962. ಲೆಕ್ಕ ನೀವೇ ಹಾಕ್ರಿ. ಆಕಿಗಿ ಬೇಕಾದ ಅಕ್ಷರ ಆಕಿಗಿಂತ ಹನ್ನೊಂದ ವರ್ಷ ಮೊದಲೇ ಹುಟ್ಟಿ ತಯಾರ ಕುಂತಿತ್ತು.

ಈ ಭಾರತಿ ಬ್ರೈಲ್ ಹ್ಯಾಂಗ ಅದ ಅಂತ ಥೋಡೆ ಹೇಳ್ತೀನಿ, ಯಾಕಂದ್ರ ಕಲಿಯೋ ಮೊದಲ ನಾನೂ ಇದು ಭಾರಿ ಕಠಿಣ ಅಂತ ತಿಳದಿದ್ದೆ. ಎಡಸಾಲಿನ ಚುಕ್ಕಿಗಿ ಮ್ಯಾಲಿಂದ ಕೆಳಗ 1, 2, 3. ಬಲಸಾಲಿಗಿ 4, 5, 6 ಅಂತ ನಂಬರ. ಅ ಅಂದ್ರ ಬರೇ 1. ಬ ಅಂದ್ರ 1-2. ಕ ಅಂದ್ರ 1-3. ಇಂಗ್ಲಿಷಿನ ಕೆ ಅಕ್ಷರಕ್ಕೂ ಅವೇ ಚುಕ್ಕಿ. ಧ್ವನಿ ಒಂದೇ ಇದ್ರ ಚುಕ್ಕಿನೂ ಸಾಧ್ಯ ಆದಷ್ಟು ಒಂದೇ ಇರಲಿ ಅಂತ 1951ರಾಗ ಮಾಡಿದ ಉಪಾಯ ಇದು. ಕನ್ನಡದ ಕ, ಹಿಂದಿ ಕ, ಮರಾಠಿ ಕ, ತೆಲುಗು ಕ ಎಲ್ಲಾ 1-3. ನಮ್ಮ ಬಾಜೂ ಮನಿ ಖಾಲಾ ಕೇಳಿದ್ರು, "ಉರ್ದು ಮೇ ಭೀ ಹೋತಾ ಕ್ಯಾ?" ಅಂತ. ಆಗ್ತದ. ಉರ್ದು ಬಲದಿಂದ ಎಡಕ್ಕ ಬರೀತಾರ, ಆದ್ರ ಉರ್ದು ಬ್ರೈಲ್ ಮಾತ್ರ ನಮ್ಮಂಗೇ ಎಡದಿಂದ ಬಲಕ್ಕ ಓದ್ತಾರ. ಅವರ ಬೇ, ನಮ್ಮ ಬ, ಎರಡೂ 1-2. ಖಾಲಾಗ ಭಾಳ ಖುಷಿ ಆಯ್ತು.

ಇದರಾಗ ಕೊಂಬು, ಗುಡಸು, ಏತ್ವ ಅಂತ ಮ್ಯಾಲ ಕೆಳಗ ಹಚ್ಚೋದಿಲ್ಲ. ಎಲ್ಲಾ ಸಾಲಿಗಿ ಬರ್ತಾವ. ಜೋಳ ಬರೀಬೇಕಂದ್ರ ಜ, ಓ, ಳ ಮೂರ ಮನಿ ಸಾಕು. ತೊಗರಿಗಿ ತ, ಒ, ಗ, ರ, ಇ ಐದ ಮನಿ. ಒತ್ತಕ್ಷರಾನೂ ಕೆಳಗ ಇಳಿಯಂಗಿಲ್ಲ. ಒತ್ತು ಬರೋ ಮೊದಲ 4ನೇ ಚುಕ್ಕಿ ಒಂದೇ ಹಾಕಿ ಸೂಚನಾ ಕೊಡ್ತಾರ. ಉಪ್ಪು ಅಂದ್ರ ಉ, ಆ ಸೂಚನಾ, ಪ, ಪ, ಉ. ಹಿಂಗ ಐದ ಮನಿ, ಪಟ್ಟಿ ಮ್ಯಾಲ ಸುಮಾರ ಮೂರ ಸೆಂಟಿಮೀಟರ್.

ಇನ್ನ ಬರಿಯೋ ಸಾಧನದ ಮಾತು. ಹಳೇದು ಅಂದ್ರ ಬ್ರೈಲ್ ಸ್ಲೇಟು ಮತ್ತ ಕಡ್ಡಿ. ಅದರಾಗ ಕಾಗದದ ಹಿಂದಿಂದ ಚುಚ್ಚಬೇಕು, ಅದಕ್ಕ ಬಲದಿಂದ ಎಡಕ್ಕ, ಉಲ್ಟಾ ಬರೀಬೇಕು. ಅಗ್ಗಾ ಅದ, ಆದ್ರ ನನ್ನಂಥಾಕಿಗಿ ತಲಿ ತಿರಗ್ತದ. 1951ರಾಗೇ ಅಮೆರಿಕದಾಗ ಪರ್ಕಿನ್ಸ್ ಬ್ರೈಲರ್ ಅನ್ನೋ ಯಂತ್ರ ತಯಾರಾಗಿ ಬರ್ಲಕತ್ತು. ಟೈಪ್‌ರೈಟರ್ ಇದ್ದಂಗ, ಆದ್ರ ಆರ ಚುಕ್ಕಿಗಿ ಆರೇ ಕೀಲಿ. ಕ ಬೇಕಂದ್ರ 1 ಮತ್ತ 3ರ ಕೀಲಿ ಕೂಡೇ ಒತ್ತಬೇಕು. ಅಂಟೋ ಪಟ್ಟಿ ಮ್ಯಾಲ ಚೀಟಿ ಒತ್ತೋ ಸಣ್ಣ ಯಂತ್ರ ಆಮ್ಯಾಲ ಬಂದವು. ಒಂದ ನಮೂನಿದ್ರಾಗ ಮ್ಯಾಲೊಂದ ಚಕ್ರ, ಚಕ್ರದ ಮ್ಯಾಲ ಇಂಗ್ಲಿಷ್ ಅಕ್ಷರ, ತಿರಗಿಸಿ ಹಿಡಕಿ ಒತ್ತಿದ್ರ ಚುಕ್ಕಿ ಮೂಡ್ತಾವ. ಇನ್ನೊಂದ ನಮೂನಿ, ಅಮೆರಿಕದ ಎಂಐಟಿ ವಿದ್ಯಾರ್ಥಿಗಳು ಶುರು ಮಾಡಿದ ಸಿಕ್ಸ್‌ಡಾಟ್ ಅನ್ನೋದು. ಅದರಾಗ ಪರ್ಕಿನ್ಸ್ ಹಂಗೇ ಆರ ಕೀಲಿ.

ನಮ್ಮ ಮಗಳು ಬೆಂಗಳೂರಾಗ ಕೆಲಸ ಮಾಡ್ತಾಳ. ದೊಡ್ಡವ್ವ ಅಡಗಿ ಮನಿ ಬಿಟ್ಟಾಳ ಅಂತ ಕೇಳಿ, ಆಫೀಸಿನ ಗೆಳತಿ ಹತ್ರ ಇದ್ದ ಆರ ಕೀಲಿ ಚೀಟಿ ಯಂತ್ರ ಇಸ್ಕೊಂಡು ಹೋದ ಶ್ರಾವಣದಾಗ ತಂದ್ಳು. ಕೈಯಾಗ ಹಿಡಿಯೋವಷ್ಟ ಸಣ್ಣದು. ಅರ್ಧ ಇಂಚ ಅಗಲದ ಪ್ಲಾಸ್ಟಿಕ್ ಪಟ್ಟಿ ಒಳಗ ಇಡಬೇಕು, ಕೀಲಿ ಒತ್ತಬೇಕು, ಕತ್ತರಿಸಬೇಕು, ಹಿಂದಿನ ಕಾಗದ ಸುಲದು ಹಚ್ಚಬೇಕು. ನನಗ ಒಂದ ಮಾತ ಛೋಲೋ ಅನಿಸ್ತು: ಈ ಯಂತ್ರಕ್ಕ ಯಾವ ಭಾಷಾನೂ ಗೊತ್ತಿಲ್ಲ. ಆರ ಚುಕ್ಕಿ ಅಷ್ಟೇ ಗೊತ್ತು. ಹಿಂಗಾಗಿ ಪರದೇಶದ ಯಂತ್ರ ಕಲಬುರಗಿ ಉಪ್ಪಿಗೂ ನಡೀತು.

ಆದ್ರ ಅಕ್ಕಗ ಓದಲಕ್ಕ ಬರಬೇಕಲ್ಲ? "ಈಗೇನ ಕಲೀಲಿ, ಕಟಗಿ ಒಲಿ ಕಡಿ ಮಾರಿ ಮಾಡೀನಿ" ಅಂದ್ಳು. ಮಗಳು ಬಿಡಲಿಲ್ಲ. ಕಮಲಾಪುರದ ಮನಿಂದ ಅಳಗುಳಿ ಮಣಿ ತರಿಸಿದ್ಳು. ಅದನ್ನ ಉದ್ದಕ ಇಟ್ರ ಎರಡ ಸಾಲ ಕುಣಿ. ಮ್ಯಾಲಿನ ಮೂರ ಮೂರ ಕುಣಿ ಬಿಟ್ಟು ಉಳದದ್ದಕ್ಕ ಅರಬಿ ಮುಚ್ಚಿದ್ಳು. ಆರ ಕುಣಿ, ಒಂದ ಹಿಡಿ ಹುಣಸಿ ಬೀಜ. "ದೊಡ್ಡವ್ವ, ಇದು ಉ, ಯಾವ ಕುಣ್ಯಾಗ ಕಾಳ ಅವ ಹೇಳು." ಆಟ ಅಂದ ಕೂಡ್ಲೆ ಅಕ್ಕನ ಮಾರಿ ಅರಳ್ತು. ಒಂದ ವಾರದಾಗ ಎಂಟ ಅಕ್ಷರ ಕಲತ್ಳು. ಕುಣ್ಯಾಗ ಕಲತದ್ದು ಪಟ್ಟಿ ಮ್ಯಾಲ ತಿಳೀಲಕ್ಕ ಮಾತ್ರ ತಿಂಗಳ ಹೋಯ್ತು. ಚುಕ್ಕಿ ಅಂದ್ರ ಗಸಗಸಿ ಕಾಳಿನಷ್ಟ, ಒಂದಕ್ಕೊಂದು ಎರಡೂವರಿ ಮಿಲಿಮೀಟರ್ ದೂರ. ಹೆಂಚಿನ ಮ್ಯಾಲ ರೊಟ್ಟಿ ತಿರವಿ ತಿರವಿ ಬಲಗೈ ಬಟ್ಟಿನ ತುದಿ ಗಟ್ಟಿ ಆಗ್ಯಾವ, ಮ್ಯಾಲ ಶುಗರ್ ಬ್ಯಾರೆ. ಕಡೀಕ ಎಡಗೈ ತೋರಬಟ್ಟೇ ಓದ್ತದ ಅಂತ ತಿಳೀತು.

ತಪ್ಪೂ ಆದವು. ಮೊದಲ ಮೊದಲ ಜಾಗಾ ಉಳಸಲಕ್ಕ ನಾ ಒಂದೊಂದೇ ಅಕ್ಷರ ಹಚ್ಚಿದ್ದೆ, ಅದೂ ಮುಚ್ಚಳದ ಮ್ಯಾಲ. ಉಪ್ಪಿಗಿ ಉ, ಶೇಂಗಾಕ್ಕ ಶ. ಒಂದಿನ ಅಕ್ಕ ಉಪ್ಪಿನ ಡಬ್ಬಿ ಹಿಡದು "ಇದು ಶೇಂಗಾ" ಅಂದ್ಳು. ಆಕಿ ತಪ್ಪ ಓದ್ಯಾಳ ಅಂತ ತಿಳದೆ. ನೋಡಿದ್ರ ಆಕಿದೇ ಖರೇ! ಉ ಅಂದ್ರ 1-3-6. ಮುಚ್ಚಳ ಅರ್ಧ ಸುತ್ತ ತಿರಗಿ ತಲಿ ಕೆಳಗ ಆದ್ರ ಅದೇ 1-4-6 ಆಗ್ತದ, ಅಂದ್ರ ಶ. ಅವತ್ತಿಂದ ಮೂರ ನಿಯಮ ಮಾಡ್ಕೊಂಡೀನಿ, ನಿಮಗೂ ಉಪಯೋಗ ಆದೀತು. ಚೀಟಿ ಮುಚ್ಚಳಕ್ಕ ಹಚ್ಚಬ್ಯಾಡ್ರಿ, ಡಬ್ಬಿ ಹೊಟ್ಟಿಗೇ ಹಚ್ಚರಿ. ಮುಚ್ಚಳ ಅದಲ ಬದಲೂ ಆಗ್ತಾವ. ಒಂದೇ ಅಕ್ಷರ ಬ್ಯಾಡ, ಪೂರಾ ಹೆಸರ ಬರೀರಿ. ಹಚ್ಚೋ ಮೊದಲ ಎಣ್ಣಿ ಜಿಡ್ಡು ತೊಳದು, ಒಣ ಅರಬಿಲೆ ವರಸರಿ, ಇಲ್ಲಂದ್ರ ವಾರದಾಗ ಕಿತ್ತ ಬರ್ತದ.

ಗುಳಿಗಿದು ಇನ್ನೂ ಮುಖ್ಯ. ಯುರೋಪಿನ ದೇಶದಾಗ ಔಷಧ ಡಬ್ಬಿ ಮ್ಯಾಲ ಬ್ರೈಲ್‌ನಾಗ ಹೆಸರ ಇರಲೇಬೇಕು ಅಂತ 2004ರಾಗ ಕಾಯ್ದೆ ಮಾಡ್ಯಾರ. ನಮ್ಮಲ್ಲಿ ಅಂಗಡ್ಯಾಗ ತಂದ ಗುಳಿಗಿ ಎಲ್ಲಾ ಒಂದೇ ನಮೂನಿ ಪಟ್ಟಿ. ನಾ ಎರಡ ಸಣ್ಣ ಡಬ್ಬಿ ಮಾಡೀನಿ. ಒಂದಕ್ಕ 'ಮು', ಅಂದ್ರ ಮುಂಜಾನಿ. ಇನ್ನೊಂದಕ್ಕ 'ರಾ', ಅಂದ್ರ ರಾತ್ರಿ. ಎರಡೆರಡೇ ಮನಿ. ಮೊದಲ ನಾ ಊರಿಗಿ ಹೋದ್ರ ಆಕಿ ಗುಳಿಗಿ ತೊಗೊಳ್ಳಾರದೇ ಕೂಡ್ತಿದ್ಲು, ತಪ್ಪೀತಂತ ಅಂಜಿ. ಈಗ ತಾನೇ ತೊಗೋತಾಳ.

ರೊಕ್ಕದ ಮ್ಯಾಲ ಮಾತ್ರ ನಾವು ಚೀಟಿ ಹಚ್ಚಲಕ್ಕ ಬರಂಗಿಲ್ಲ. ಹಳೇ ನೋಟ ಅಳತಿ ಮ್ಯಾಲ ಗುರ್ತ ಹಿಡೀತಿದ್ಲು. ಈಗಿನ 200ರ ನೋಟ 146 ಮಿಲಿಮೀಟರ್, 500ರದ್ದು 150. ನಾಕ ಮಿಲಿಮೀಟರ್ ಫರಕ! ಅಂಚಿನ ಗೆರಿ ಹೊಸ ನೋಟಿನಾಗ ತಿಳೀತಾವ, ಮೆತ್ತಗಾದ್ರ ಇಲ್ಲ. ರಿಸರ್ವ್ ಬ್ಯಾಂಕು 2020ರಾಗ ಮನಿ ಅನ್ನೋ ಮೊಬೈಲ್ ಆ್ಯಪ್ ತಂದದ, ನೋಟ ತೋರಿಸಿದ್ರ ಎಷ್ಟರದ್ದಂತ ಹೇಳ್ತದ. ಅದನ್ನ ಮಗ ಕಲಿಸ್ಯಾನ. ಅವತ್ತ ನಕ್ಕಿದ್ದಕ್ಕ ಅವಂದು ದಂಡ ಅದು.

ಒಂದ ರಾತ್ರಿ ನಾ ಅಕ್ಕನ್ನ ಕೇಳೇ ಬಿಟ್ಟೆ. "ಅಕ್ಕಾ, ನಿನ್ನ ಶಾಲಿಗಿ ಕಳಿಸಬೇಕಿತ್ತು ಅಂತ ನಿನಗ ಅನಿಸ್ತದೇನು?" ನನ್ನ ಕಲಬುರಗಿ ಹಾಸ್ಟೆಲ್‌ನಾಗ ಇಟ್ಟು ಪಿಯುಸಿ ಓದಿಸಿದ ಅಪ್ಪ, ಅಕ್ಕನ ಹೆಸರ ಯಾವ ಶಾಲಿನ್ಯಾಗೂ ಹಚ್ಚಲಿಲ್ಲ. ಗದಗಿನ ಪುಣ್ಯಾಶ್ರಮದ ಪುಟ್ಟರಾಜ ಗವಾಯಿಗಳ ಹಾಡು ರೇಡಿಯೋದಾಗ ಬಂದ್ರ ಅಪ್ಪ ಕೈ ಮುಗೀತಿದ್ದ, ಕಣ್ಣಿಲ್ಲದವರು ಎಷ್ಟ ಎತ್ತರಕ್ಕ ಏರ್ಯಾರ ನೋಡು ಅಂತಿದ್ದ. ಬಾಜೂದಾಗೇ ಕುಂತ ಮಗಳ ಮ್ಯಾಲ ಆ ಮಾತ ಬರ್ತಿದ್ದಿಲ್ಲ. ಹೆಣ್ಣ ಹುಡುಗಿ, ಕಣ್ಣಿಲ್ಲದಾಕಿ, ಪರಊರಾಗ ಯಾರ ಭರೋಸಾದ ಮ್ಯಾಲ ಬಿಡಬೇಕು ಅಂತ ಅವ್ವ ಅಂಜಿದ್ಲು. ಪ್ರೀತಿ ಇದ್ದಿದ್ದಿಲ್ಲ ಅಂತಲ್ಲ. ಪ್ರೀತಿಲೇ ಮನ್ಯಾಗ ಮುಚ್ಚಿ ಇಟ್ರು. ಮನಿ ಇದ್ದಷ್ಟ ದಿನ ಅದು ನಡೀತು.

ಅಕ್ಕ ಭಾಳ ಹೊತ್ತ ಸುಮ್ಮನಿದ್ಲು. "ಅವ್ವಗ ಏನ ಗೊತ್ತಿತ್ತು ಪಾಪ" ಅಂದ್ಳು. ಆಮ್ಯಾಲ, "ನೀ ಪಾಠ ಬಾಯಿಪಾಠ ಮಾಡ್ತಿದ್ದಿ ನೋಡು, ಅವೆಲ್ಲ ನನಗ ಈಗೂ ಬರ್ತಾವ" ಅಂದ್ಳು. ನನಗ ಮಾತ ಹೊಂಡಲಿಲ್ಲ.

ಮರದಿನ ತನ್ನ ಟ್ರಂಕಿಗಿ ಒಂದ ಚೀಟಿ ಬೇಕಂದ್ಳು. ಏನ ಬರೀಲಿ ಅಂದ್ರ "ನನ್ನ ಹೆಸರ" ಅಂದ್ಳು. ಎಲ್ಲಾ ಕಡಿ ಹೆಬ್ಬಟ್ಟ ಒತ್ತಿದಾಕಿ. ಹಚ್ಚಿ ಕೊಟ್ಟೆ. ಅದರ ಮ್ಯಾಲ ಬಟ್ಟ ಆಡಿಸ್ಕೋತ ಎಷ್ಟೋ ಹೊತ್ತ ಕುಂತಿದ್ಲು.

ನಿಮ್ಮ ಮನ್ಯಾಗ, ಓಣ್ಯಾಗ ಕಣ್ಣ ಕಾಣಲಾರದ ಕೂಸ ಇದ್ರ ಮುಚ್ಚಿ ಇಡಬ್ಯಾಡ್ರಿ. ಕಲಬುರಗ್ಯಾಗೇ ಸರಕಾರದ ಅಂಧ ಮಕ್ಕಳ ಶಾಲಿ ಅದ, ಹೋಗಿ ಕೇಳ್ರಿ. ವಯಸ್ಸಾದವರಿದ್ರ ಯಂತ್ರಾನೇ ಬೇಕಂತಿಲ್ಲ, ಸ್ಲೇಟು ಕಡ್ಡಿ ಸಾಕು. ಅದೂ ಇಲ್ಲಂದ್ರ ಉಪ್ಪಿನ ಡಬ್ಬಿಗಿ ಒಂದ ರಬ್ಬರ್ ಬ್ಯಾಂಡು, ಸಕ್ಕರಿಗಿ ಎರಡ ಹಾಕ್ರಿ. ಅರಬಿ ಸೋಡಾ ಮಾತ್ರ ಅಡಗಿ ಮನ್ಯಾಗ ಇಡಲೇಬ್ಯಾಡ್ರಿ. ನಮ್ದು ಈಗ ಬಚ್ಚಲದಾಗ ಅದ.

ಹೋದ ಸೋಮಾರ ಸಂಜಿಗಿ ಅಡಗಿ ಮನಿಂದ ಅಕ್ಕ ಕೂಗಿದ್ಲು. ಹೊಸಾ ಡಬ್ಬಿಗಿ ನಾ ಅವಸರದಾಗ ಸಕ್ಕರಿ ಅಂತ ಚೀಟಿ ಒತ್ತಿ ಹಚ್ಚಿದ್ದೆ, ಕ ಮುಂದಿನ 4ನೇ ಚುಕ್ಕಿ ಮರತಿದ್ದೆ. "ಏನವಾ, ಪಿಯುಸಿ ಓದಿದಾಕಿ" ಅಂದ್ಳು, "ಸಕಕರಿ ಅಂತ ಬರದಿ ನೋಡು."

ತಿದ್ದಿ ಹಚ್ಚೀನಿ.